ಚೆಂಡು ಹಿಡಿಯುವವರ ಕಸುಬನ್ನೂ ಬರೆಯಿರಿ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ತಮ್ಮ ಕ್ರೀಡಾ ಪುರವಣಿಯಲ್ಲಿ ಭಾರತ ಕ್ರಿಕೆಟ್ ತಂಡದ ನೆರವು ಸಿಬ್ಬಂದಿಯ ಕುರಿತು ಪ್ರಕಟವಾದ ಲೇಖನವನ್ನು ಎರಡು ಸಲ ಓದಿದೆ. ಉತ್ತರ ಕನ್ನಡದ ಕುಮಟಾದಿಂದ ಹೋಗಿ ತಂಡದ ಥ್ರೋಡೌನ್ ಪರಿಣತರಾಗಿರುವ, ಅಂದರೆ ಅಭ್ಯಾಸದಲ್ಲಿ ಬ್ಯಾಟ್ಸ್‌ಮನ್‌ಗಳಿಗೆ ಚೆಂಡು ಎಸೆದುಕೊಡುವ ರಾಘವೇಂದ್ರ ಅವರಿಗೆ ಅರ್ಧ ಪುಟ ಮೀಸಲಿಟ್ಟಿದ್ದಕ್ಕೆ ಕೃತಜ್ಞತೆ ಹೇಳಬೇಕು. ಆದರೆ ಆ ಅರ್ಧ ಪುಟದಲ್ಲಿ 'ಎಲೆಮರೆಯ ಕಾಯಿ' ಎಂಬ ಮಾತು ನಾಲ್ಕು ಕಡೆ ಬಂದಿತ್ತು. ಅವರ ಕೈ ದಿನವಿಡೀ ಏನು ಮಾಡುತ್ತದೆ, ಅದನ್ನು ಮಾಡಲು ಏನು ಗೊತ್ತಿರಬೇಕು ಎಂಬುದರ ಬಗ್ಗೆ ನಾಲ್ಕು ಸಾಲೂ ಇರಲಿಲ್ಲ. ಕಷ್ಟದ ದಿನಗಳು, ನಂತರ ಸಿಕ್ಕ ಅವಕಾಶ, ತಾರಾ ಆಟಗಾರರ ಹೊಗಳಿಕೆ ಇಷ್ಟನ್ನೇ ಓದಿದವರಿಗೆ ಆ ಹುದ್ದೆ ಯಾರೋ ದಯೆಯಿಂದ ಕೊಟ್ಟ ಜಾಗವೆಂದು ಅನ್ನಿಸಿದರೆ ಆಶ್ಚರ್ಯವಿಲ್ಲ.

ನಾನು ಮೈಸೂರಿನ ಒಂದು ಪ್ರೌಢಶಾಲೆಯಲ್ಲಿ ಮೂವತ್ತೊಂದು ವರ್ಷ ದೈಹಿಕ ಶಿಕ್ಷಣ ಶಿಕ್ಷಕನಾಗಿದ್ದೆ. ಅದಕ್ಕೂ ಮೊದಲು ಮ್ಯಾಟಿಂಗ್ ಪಿಚ್‌ಗಳ ಕಾಲದಲ್ಲಿ ಸ್ಥಳೀಯ ಕ್ಲಬ್ಬೊಂದಕ್ಕೆ ವಿಕೆಟ್ ಕೀಪಿಂಗ್ ಮಾಡುತ್ತಿದ್ದವನು. ಎಡಗೈಯ ಉಂಗುರದ ಬೆರಳು ಇಂದಿಗೂ ಸೊಟ್ಟಗಿದೆ. ಮಗಳು ಅಮೆರಿಕದ ಬೋಸ್ಟನ್ ಸಮೀಪ ನೆಲೆಸಿರುವುದರಿಂದ ಕೆಲವು ಬೇಸಿಗೆಗಳನ್ನು ಅಲ್ಲಿ ಕಳೆದಿದ್ದೇನೆ. ಅಲ್ಲಿ ಕಂಡ ಬೇಸ್‌ಬಾಲ್‌ನ ಒಂದು ಹುದ್ದೆ, ಆ ಹುದ್ದೆಯಿಂದ ಮೇಲೆ ಬಂದ ಒಬ್ಬ ವ್ಯಕ್ತಿಯ ವೃತ್ತಿಜೀವನ, ನಿಮ್ಮ ಲೇಖನ ಓದುವಾಗ ಮತ್ತೆ ಮತ್ತೆ ನೆನಪಾಯಿತು. ಹುದ್ದೆಯ ಹೆಸರು ಬುಲ್‌ಪೆನ್ ಕ್ಯಾಚರ್. ವ್ಯಕ್ತಿಯ ಹೆಸರು ಡೇನಾ ಲೆವಾಂಜಿ.

ಬೇಸ್‌ಬಾಲ್ ಪರಿಚಯವಿಲ್ಲದ ಓದುಗರಿಗಾಗಿ ಎರಡು ಮಾತು. ಚೆಂಡು ಎಸೆಯುವವನು ಪಿಚರ್ (ನಮ್ಮೂರ ಟಾಕೀಸಿನ ಪಿಚ್ಚರ್ ಅಲ್ಲ). ಅವನಿಂದ 60 ಅಡಿ 6 ಅಂಗುಲ ದೂರದಲ್ಲಿ ಹೋಮ್ ಪ್ಲೇಟ್ (ದಾಂಡಿಗ ನಿಲ್ಲುವ ಜಾಗ), ಅದರ ಹಿಂದೆ ಕುಕ್ಕರುಗಾಲಿನಲ್ಲಿ ಕೂತು ಚೆಂಡು ಹಿಡಿಯುವವನು ಕ್ಯಾಚರ್. ನಮ್ಮ ಪಿಚ್‌ನ ಎರಡು ಸ್ಟಂಪ್‌ಗಳ ನಡುವಿನ ದೂರ 66 ಅಡಿ. ಇಲ್ಲಿ ಅದಕ್ಕಿಂತ ಕಡಿಮೆ ದೂರ, ಚೆಂಡು ನೆಲಕ್ಕೆ ಬಡಿದು ವೇಗ ಕಳೆದುಕೊಳ್ಳುವ ಪ್ರಶ್ನೆಯೂ ಇಲ್ಲ. ಗಂಟೆಗೆ 150 ಕಿಲೋಮೀಟರ್ ದಾಟಿದ ಚೆಂಡು ಅರ್ಧ ಸೆಕೆಂಡಿಗೂ ಮೊದಲೇ ಕೈ ಸೇರುತ್ತದೆ. ಆಟ ಆರಂಭಿಸಿದ ಪಿಚರ್ ಒಂಬತ್ತು ಇನ್ನಿಂಗ್ಸ್ ಪೂರ್ತಿ ಎಸೆಯುವುದು ಈಗ ಅಪರೂಪ. ಅವನು ದಣಿದಾಗ ಬರುವ ಬದಲಿ ಪಿಚರ್‌ಗಳು ಮೈದಾನದ ಅಂಚಿನ ಒಂದು ಆವರಣದಲ್ಲಿ ಕಾಯುತ್ತಾ, ಕರೆ ಬಂದೊಡನೆ ಎದ್ದು ತೋಳು ಬಿಸಿ ಮಾಡಿಕೊಳ್ಳುತ್ತಾರೆ. ಆ ಆವರಣವೇ ಬುಲ್‌ಪೆನ್, ನಮ್ಮ ಮಾತಿನಲ್ಲಿ ಗೂಳಿದೊಡ್ಡಿ. ಅಲ್ಲಿ ಅವರ ಚೆಂಡುಗಳನ್ನು ಹಿಡಿಯಲೆಂದೇ ಇರುವವನು ಬುಲ್‌ಪೆನ್ ಕ್ಯಾಚರ್. ತಂಡದ ಸಮವಸ್ತ್ರ ತೊಟ್ಟಿರುತ್ತಾನೆ, ತಂಡದ ವಿಮಾನದಲ್ಲೇ ಪ್ರಯಾಣಿಸುತ್ತಾನೆ, ಆದರೆ ಆಟಗಾರರ ಪಟ್ಟಿಯಲ್ಲಿ ಅವನ ಹೆಸರಿರುವುದಿಲ್ಲ. ಪಂದ್ಯದಲ್ಲಿ ಅವನು ಎಂದಿಗೂ ಇಳಿಯುವುದಿಲ್ಲ.

ಬೋಸ್ಟನ್‌ನ ಫೆನ್‌ವೇ ಪಾರ್ಕ್ 1912ರಲ್ಲಿ ಆರಂಭವಾದ ಮೈದಾನ. ಅದರ ಬಲಭಾಗದಲ್ಲಿ ಎರಡೂ ತಂಡಗಳ ಬುಲ್‌ಪೆನ್‌ಗಳು ಒಂದಕ್ಕೊಂದು ಅಂಟಿಕೊಂಡಿವೆ. 1940ರಲ್ಲಿ ಅವನ್ನು ಅಲ್ಲಿ ಕಟ್ಟಿದ್ದರಿಂದ ಎಡಗೈ ದಾಂಡಿಗ ಟೆಡ್ ವಿಲಿಯಮ್ಸ್ ಅವರಿಗೆ ಹೋಮ್ ರನ್ (ನಮ್ಮ ಸಿಕ್ಸರ್‌ನಂಥ ಹೊಡೆತ) ದೂರ ಕಡಿಮೆಯಾಯಿತೆಂದು ಪತ್ರಿಕೆಗಳು ಆ ಜಾಗಕ್ಕೆ 'ವಿಲಿಯಮ್ಸ್‌ಬರ್ಗ್' ಎಂದು ಅಡ್ಡಹೆಸರಿಟ್ಟವು. ಅದರ ಬೆನ್ನಿಗೇ ಅಗ್ಗದ ದರದ ಬೆಂಚುಗಳಿವೆ. 2017ರ ಜುಲೈನಲ್ಲಿ ಅಳಿಯ ಅಲ್ಲಿ ಟಿಕೆಟ್ ಕೊಡಿಸಿದ. ಹೋಮ್ ಪ್ಲೇಟ್ ಬಹಳ ದೂರವಾಯಿತೆಂದು ಅವನು ಕ್ಷಮೆ ಕೇಳುತ್ತಿದ್ದ. ನನಗೋ ಆ ಸಂಜೆ ಪಂದ್ಯ ನೋಡಿದ ನೆನಪೇ ಕಡಿಮೆ, ಕಣ್ಣೆಲ್ಲ ಕೆಳಗಿನ ಆವರಣದಲ್ಲೇ ಇತ್ತು.

ಆರನೆಯ ಇನ್ನಿಂಗ್ಸ್‌ವರೆಗೆ ಅಲ್ಲಿ ಹೆಚ್ಚೇನೂ ನಡೆಯಲಿಲ್ಲ. ಕೆಲವರು ಸೂರ್ಯಕಾಂತಿ ಬೀಜ ಜಗಿಯುತ್ತಿದ್ದರು, ಒಬ್ಬರು ಬೆನ್ನು ಬಾಗಿಸಿ ಹಿಗ್ಗಿಸಿ ಸಡಿಲ ಮಾಡಿಕೊಳ್ಳುತ್ತಿದ್ದರು. ಆಮೇಲೆ ಗೋಡೆಯ ಟೆಲಿಫೋನ್ ರಿಂಗಾಯಿತು. ಒಬ್ಬ ಪಿಚರ್ ಜಾಕೆಟ್ ಕಳಚಿ ಎದ್ದ. ಅಷ್ಟರಲ್ಲಿ ಕ್ಯಾಚರ್ ಮುಖಕ್ಕೆ ಮಾಸ್ಕ್ ಇಳಿಸಿ ಕೂತೂ ಆಗಿತ್ತು. ಮೊದಲ ಐದಾರು ಚೆಂಡುಗಳು ಮೆಲ್ಲಗೆ ಬಂದವು. ನಂತರ ಪ್ರತಿ ಚೆಂಡಿಗೂ ಚರ್ಮದ ಗ್ಲೌಸಿನಿಂದ ತೆಂಗಿನಕಾಯಿ ಒಡೆದಂಥ ಸದ್ದು. ಆ ಸದ್ದು ತಾನಾಗಿ ಹುಟ್ಟುವುದಿಲ್ಲ ಎಂಬುದು ಕೀಪಿಂಗ್ ಮಾಡಿದವರಿಗೆ ಗೊತ್ತು. ಚೆಂಡು ಗ್ಲೌಸಿನ ಗುಳಿಗೆ ಸರಿಯಾಗಿ ಬಿದ್ದರೆ ಮಾತ್ರ ಅದು ಬರುತ್ತದೆ. ಅಂಗೈಗೋ ಅಂಚಿಗೋ ಬಿದ್ದರೆ 'ಥಪ್' ಎಂಬ ಸತ್ತ ಸದ್ದು. ಇಂದು ತನ್ನ ಎಸೆತದಲ್ಲಿ ಜೀವವಿದೆ ಎಂದು ಪಿಚರ್‌ಗೆ ಅನ್ನಿಸುವುದು ಆ ಸದ್ದು ಕಿವಿಗೆ ಬಿದ್ದಾಗ. ಆದ್ದರಿಂದ ಒಳ್ಳೆಯ ಬುಲ್‌ಪೆನ್ ಕ್ಯಾಚರ್ ಬೇಕೆಂದೇ ಗುಳಿಯಲ್ಲಿ ಹಿಡಿದು ಸದ್ದು ಹೊಮ್ಮಿಸುತ್ತಾನೆ. ಇನ್ನೊಂದನ್ನೂ ಗಮನಿಸಿದೆ: ಅವನ ಗ್ಲೌಸ್ ಚೆಂಡನ್ನು ಬೆನ್ನಟ್ಟಿ ಹೋಗುತ್ತಿರಲಿಲ್ಲ. ಮೊಣಕಾಲಿನ ಹೊರಬದಿಯಲ್ಲಿ ಒಂದು ಕಡೆ ಹಿಡಿದು ನಿಲ್ಲಿಸಿದರೆ ಅಲುಗಾಟವೇ ಇಲ್ಲ; ಬರಿಗೈ ಪೆಟ್ಟು ಬೀಳದಂತೆ ಹಿಮ್ಮಡಿಯ ಹಿಂದೆ ಅಡಗಿತ್ತು. ಸುಮಾರು ಇಪ್ಪತ್ತು ಚೆಂಡುಗಳ ನಂತರ ಎದ್ದು ಹೋಗಿ ಪಿಚರ್‌ಗೆ ಒಂದು ಮಾತು ಹೇಳಿ ಬಂದ, ಮುಂದಿನ ಮೂರು ಎಸೆತಗಳು ಬೇರೆ ರೀತಿ ತಿರುಗಿದವು. ಆಮೇಲೆ ಫೋನ್ ಮತ್ತೆ ರಿಂಗಾಯಿತು. ಆ ಪಿಚರ್‌ನ ಅಗತ್ಯ ಬೀಳಲಿಲ್ಲವಂತೆ. ಜಾಕೆಟ್ ತೊಟ್ಟು ಕೂತುಬಿಟ್ಟ. ಅಂಕಪಟ್ಟಿಯ ಪ್ರಕಾರ ಆ ಎಸೆತಗಳು ನಡೆದೇ ಇಲ್ಲ. ಹಿಡಿದವನ ಅಂಗೈಗೆ ಮಾತ್ರ ಎಲ್ಲವೂ ನಡೆದಿವೆ.

ಆ ಸಂಜೆ ಬೋಸ್ಟನ್ ರೆಡ್ ಸಾಕ್ಸ್ ತಂಡದ ಬುಲ್‌ಪೆನ್ ಕೋಚ್ ಆಗಿದ್ದವರು ಲೆವಾಂಜಿ. ಅವರ ಹೆಸರನ್ನು ಅಳಿಯ ಹೇಳಿದ. ಉಳಿದುದನ್ನು ಅಲ್ಲಿನ ಪತ್ರಿಕೆಗಳನ್ನು ಓದಿ ತಿಳಿದುಕೊಂಡೆ. ಅವರು 1969ರಲ್ಲಿ ಮ್ಯಾಸಚೂಸೆಟ್ಸ್ ರಾಜ್ಯದಲ್ಲೇ ಹುಟ್ಟಿದವರು. ಸ್ಪ್ರಿಂಗ್‌ಫೀಲ್ಡ್‌ನ ಕಾಲೇಜಿನಲ್ಲಿ ಆಡುತ್ತಿದ್ದಾಗ 1991ರ ಆಯ್ಕೆಯಲ್ಲಿ ತವರಿನ ರೆಡ್ ಸಾಕ್ಸ್ ತಂಡವೇ 14ನೆಯ ಸುತ್ತಿನಲ್ಲಿ ಅವರನ್ನು ತೆಗೆದುಕೊಂಡಿತು. 1996ರವರೆಗೆ ಮೈನರ್ ಲೀಗ್‌ಗಳಲ್ಲಿ, ಅಂದರೆ ಬಸ್ಸಿನಲ್ಲಿ ಊರೂರು ಸುತ್ತುವ ಕೆಳಹಂತದ ತಂಡಗಳಲ್ಲಿ, ಕ್ಯಾಚರ್ ಆಗಿದ್ದರು. ಕೈ ಚೆನ್ನಾಗಿತ್ತು, ಬ್ಯಾಟ್ ಮಾತ್ರ ಒಲಿಯಲಿಲ್ಲ. ಅಗ್ರ ಹಂತದ ಮೇಜರ್ ಲೀಗ್‌ನಲ್ಲಿ ಒಂದೇ ಒಂದು ಪಂದ್ಯವನ್ನೂ ಆಡಲಿಲ್ಲ. 1997ರಲ್ಲಿ ತಂಡ ಅವರಿಗೆ ಬುಲ್‌ಪೆನ್ ಕ್ಯಾಚರ್ ಕೆಲಸ ಕೊಟ್ಟಿತು.

ಆಟ ಅಲ್ಲಿಗೆ ಮುಗಿಯಿತು, ಪಾಪ, ಎಂದು ನಿಮ್ಮ ವರದಿಗಾರರು ಬರೆಯುತ್ತಿದ್ದರೇನೋ. ನಾನು ಓದಿ ತಿಳಿದಂತೆ ಅವರ ನಿಜವಾದ ಶಿಕ್ಷಣ ಆರಂಭವಾದದ್ದೇ ಅಲ್ಲಿ. ಒಂದು ಋತುವಿಗೆ 162 ಪಂದ್ಯಗಳು. ರಾತ್ರಿ ಏಳರ ಪಂದ್ಯಕ್ಕೆ ಮಧ್ಯಾಹ್ನವೇ ಮೈದಾನಕ್ಕೆ ಬಂದು, ಐದು ದಿನಕ್ಕೊಮ್ಮೆ ಆಡುವ ಆರಂಭಿಕ ಪಿಚರ್‌ಗಳ ನಡುವಿನ ದಿನದ ಅಭ್ಯಾಸಕ್ಕೆ ಕೂರಬೇಕು. ದಾಂಡಿಗರ ಅಭ್ಯಾಸಕ್ಕೆ ನೆರವಾಗಬೇಕು. ಗಾಯದಿಂದ ಮರಳುತ್ತಿರುವವನು ಮೊದಲ ಬಾರಿ ಜೋರಾಗಿ ಎಸೆಯುವಾಗ ಅವನೆದುರು ಕೂರಬೇಕು. ರಾತ್ರಿ ಬುಲ್‌ಪೆನ್‌ನಲ್ಲಿ ಕರೆ ಬಂದಷ್ಟು ಸಲವೂ ಮಾಸ್ಕ್ ತೊಡಬೇಕು. ತಂಡದ ಮುಖ್ಯ ಕ್ಯಾಚರ್ ನಾಲ್ಕೈದು ದಿನಕ್ಕೊಮ್ಮೆ ವಿಶ್ರಾಂತಿ ಪಡೆಯುತ್ತಾನೆ, ಇವನಿಗೆ ಅದೂ ಇಲ್ಲ. ಹೀಗೆ ಎಂಟು ಋತು ಎಲ್ಲ ಪಿಚರ್‌ಗಳ ಎಲ್ಲ ಬಗೆಯ ಎಸೆತಗಳನ್ನೂ ಹಿಡಿದವನಿಗೆ ಯಾರ ಮೊಣಕೈ ದಣಿವಾದಾಗ ಎರಡು ಅಂಗುಲ ಕೆಳಗಿಳಿಯುತ್ತದೆ, ಯಾರ ತಿರುವಿನ ಚೆಂಡು ಚಳಿಯಲ್ಲಿ ಸಪ್ಪೆಯಾಗುತ್ತದೆ, ಯಾರು ನೋವನ್ನು ಮುಚ್ಚಿಡುತ್ತಿದ್ದಾರೆ ಎಂಬುದು ವೈದ್ಯರಿಗಿಂತ ಮೊದಲು ತಿಳಿದಿರುತ್ತದೆ. ಕ್ಯಾಮೆರಾ ಮತ್ತು ರೇಡಾರ್ ಚೆಂಡಿನ ವೇಗ, ಸುತ್ತು ಎಲ್ಲವನ್ನೂ ಅಳೆಯುವ ಈ ಕಾಲದಲ್ಲೂ ಪಿಚರ್ ತಿರುಗಿ ಕೇಳುವುದು ಹಿಡಿದವನನ್ನೇ: 'ಹೇಗೆ ಬರುತ್ತಿದೆ?'

ಹಿಡಿಯುವುದೇ ಒಂದು ವಿದ್ಯೆ ಎಂಬುದಕ್ಕೆ ಅದೇ ತಂಡದ ಒಂದು ಪ್ರಸಂಗ ಹೇಳಬೇಕು. ಟಿಮ್ ವೇಕ್‌ಫೀಲ್ಡ್ ಎಂಬ ಪಿಚರ್ ನಕಲ್‌ಬಾಲ್ ಎಸೆಯುತ್ತಿದ್ದರು. ಆ ಚೆಂಡು ಹೆಚ್ಚುಕಡಿಮೆ ಸುತ್ತುವುದೇ ಇಲ್ಲ; ಹಾಗಾಗಿ ಗಾಳಿಯಲ್ಲಿ ಚಿಟ್ಟೆಯಂತೆ ಎತ್ತ ಬೇಕಾದರೂ ಹೊರಳುತ್ತದೆ, ಎಸೆದವನಿಗೂ ಅದರ ದಾರಿ ಗೊತ್ತಿರುವುದಿಲ್ಲ. ಅವರಿಗೆ ಒಗ್ಗಿದ್ದ ಕ್ಯಾಚರ್ ಡಗ್ ಮಿರಬೆಲಿ ಅವರನ್ನು ತಂಡ ಸ್ಯಾನ್ ಡಿಯಾಗೋಗೆ ಬಿಟ್ಟುಕೊಟ್ಟಿತು. 2006ರ ಏಪ್ರಿಲ್‌ನಲ್ಲಿ ಹೊಸ ಕ್ಯಾಚರ್ ಜಾಶ್ ಬಾರ್ಡ್ ಐದೇ ಪಂದ್ಯಗಳಲ್ಲಿ ಹತ್ತು ಚೆಂಡು ಬಿಟ್ಟರು, ಅಂದರೆ ನಮ್ಮ ಲೆಕ್ಕದಲ್ಲಿ ಬೈ ರನ್‌ಗಳ ಸುರಿಮಳೆ. ಮೇ 1ರಂದು ತಂಡ ಮಿರಬೆಲಿಯವರನ್ನು ಮರಳಿ ಕೊಂಡು ವಿಮಾನದಲ್ಲಿ ಕರೆಸಿಕೊಂಡಿತು. ವಿಮಾನ ನಿಲ್ದಾಣದಿಂದ ಪೊಲೀಸ್ ಬೆಂಗಾವಲಿನ ಕಾರಿನಲ್ಲಿ ಬಟ್ಟೆ ಬದಲಿಸುತ್ತಾ ಅವರು ಅದೇ ರಾತ್ರಿಯ ಪಂದ್ಯಕ್ಕೆ ಇಳಿದರು. ಚೆಂಡು ಹಿಡಿಯುವ ಒಬ್ಬನಿಗಾಗಿ ಪೊಲೀಸ್ ಸೈರನ್! ಪ್ರಸನ್ನ, ಚಂದ್ರಶೇಖರ್ ಅವರಿಗೆ ಕಿರ್ಮಾನಿ ಕೀಪಿಂಗ್ ಮಾಡಿದ್ದನ್ನು ನೋಡಿದ ನನ್ನ ತಲೆಮಾರಿನವರಿಗೆ ಇದು ಅತಿರೇಕವೆಂದು ಅನ್ನಿಸಲಾರದು. ವೇಕ್‌ಫೀಲ್ಡ್ ಆ ತಂಡದಲ್ಲಿ 17 ಋತು ಆಡಿದರು. ಅದರಲ್ಲಿ ಎಂಟು ಋತುಗಳಲ್ಲಿ ಬುಲ್‌ಪೆನ್‌ನ ಗ್ಲೌಸ್ ಲೆವಾಂಜಿಯವರದು.

ಅದರ ಕೊನೆಯ ವರ್ಷ 2004. ನ್ಯೂಯಾರ್ಕ್ ಯಾಂಕೀಸ್ ವಿರುದ್ಧದ ಏಳು ಪಂದ್ಯಗಳ ಸರಣಿಯಲ್ಲಿ ಮೊದಲ ಮೂರನ್ನೂ ಸೋತು, ಉಳಿದ ನಾಲ್ಕನ್ನೂ ಗೆದ್ದು ಮುಂದಕ್ಕೆ ಹೋದ ರೆಡ್ ಸಾಕ್ಸ್, 1918ರ ನಂತರ ಮೊದಲ ಬಾರಿಗೆ ವಿಶ್ವ ಸರಣಿಯನ್ನು, ಅಂದರೆ ಋತುವಿನ ಅಂತಿಮ ಪ್ರಶಸ್ತಿ ಸರಣಿಯನ್ನು, ತನ್ನದಾಗಿಸಿಕೊಂಡಿತು. ಆ ಕಥೆ ಎಲ್ಲರಿಗೂ ಗೊತ್ತು, ಇಲ್ಲಿ ಬೇಡ.

ನನಗೆ ಮುಖ್ಯವೆನಿಸಿದ್ದು ಆಮೇಲೆ ತಂಡ ಮಾಡಿದ ಕೆಲಸ. ಎಂಟು ವರ್ಷ ಕೂತು ಎದ್ದ ಮೊಣಕಾಲುಗಳಿಗೆ ವಿಶ್ರಾಂತಿ ಕೊಟ್ಟು, ಆ ಕೈಗಳು ಕಲಿತದ್ದನ್ನು ಕಣ್ಣುಗಳಿಂದ ಬಳಸಿಕೊಂಡಿತು. 2005ರಲ್ಲಿ ಲೆವಾಂಜಿ ಸ್ಕೌಟ್ ಆದರು, 2006ರಿಂದ 2012ರವರೆಗೆ ಅಡ್ವಾನ್ಸ್ ಸ್ಕೌಟ್. ತಂಡಕ್ಕಿಂತ ಮುಂಚಿತವಾಗಿ ಊರಿಗೆ ಹೋಗಿ, ಮುಂದೆ ಎದುರಾಗಲಿರುವ ತಂಡದ ಪಂದ್ಯಗಳನ್ನು ಟಿಪ್ಪಣಿ ಪುಸ್ತಕ ಹಿಡಿದು ನೋಡಿ, ಯಾವ ದಾಂಡಿಗನಿಗೆ ಯಾವ ಚೆಂಡು ಕಷ್ಟ, ಯಾರು ಯಾವಾಗ ಬೇಸ್ (ಓಟಗಾರ ನಿಲ್ಲುವ ಠಾಣೆ) ಬಿಟ್ಟು ಓಡುತ್ತಾರೆ ಎಂದು ವರದಿ ಬರೆಯುವ ಕೆಲಸ ಅದು. 2007ರ ವಿಶ್ವ ಸರಣಿಯ ಎರಡನೆಯ ಪಂದ್ಯದಲ್ಲಿ ಆ ವರದಿಗೆ ಬೆಲೆ ಬಂತು. ಎಂಟನೆಯ ಇನ್ನಿಂಗ್ಸ್, ಬೋಸ್ಟನ್ 2–1ರಿಂದ ಮುಂದಿದೆ, ಕೊಲರಾಡೊ ತಂಡದ ಮ್ಯಾಟ್ ಹಾಲಿಡೇ ಮೊದಲ ಬೇಸ್‌ನಲ್ಲಿದ್ದಾರೆ, ಬ್ಯಾಟ್ ಹಿಡಿದವರು ಟಾಡ್ ಹೆಲ್ಟನ್. ಹಾಲಿಡೇ ಓಡಲು ಯಾವ ಗಳಿಗೆ ಆರಿಸಿಕೊಳ್ಳುತ್ತಾರೆ ಎಂಬುದು ಸ್ಕೌಟಿಂಗ್ ವರದಿಯಲ್ಲಿತ್ತು. ಡಗೌಟ್‌ನಿಂದ ಸನ್ನೆ ಹೋಯಿತು. ಪಿಚರ್ ಜೊನಾಥನ್ ಪ್ಯಾಪಲ್ಬನ್ ದಾಂಡಿಗನಿಗೆ ಎಸೆಯುವ ಬದಲು ತಿರುಗಿ ಮೊದಲ ಬೇಸ್‌ಗೆ ಎಸೆದರು. ಹಾಲಿಡೇ ಔಟ್, ಇನ್ನಿಂಗ್ಸ್ ಮುಗಿಯಿತು. ಆ ಸರಣಿಯನ್ನು ಬೋಸ್ಟನ್ ನಾಲ್ಕಕ್ಕೆ ನಾಲ್ಕೂ ಗೆದ್ದಿತು. ಪಂದ್ಯದ ದಾಖಲೆಯಲ್ಲಿ ಔಟ್ ಮಾಡಿದವರ ಹೆಸರುಗಳಿವೆ, ವರದಿ ಬರೆದವರದು ಇಲ್ಲ.

2013ರಲ್ಲಿ ಲೆವಾಂಜಿ ಬುಲ್‌ಪೆನ್‌ಗೆ ಮರಳಿದರು, ಈ ಬಾರಿ ಕೋಚ್ ಆಗಿ. ಗೋಡೆಯ ಟೆಲಿಫೋನ್ ಎತ್ತುವವರು ಅವರೇ. ಆ ಕೆಲಸವೂ ಹಗುರವಲ್ಲ. 2011ರ ವಿಶ್ವ ಸರಣಿಯ ಐದನೆಯ ಪಂದ್ಯದಲ್ಲಿ ಸೇಂಟ್ ಲೂಯಿಸ್ ತಂಡದ ಮ್ಯಾನೇಜರ್ ಫೋನಿನಲ್ಲಿ ಹೇಳಿದ ಹೆಸರು ಪ್ರೇಕ್ಷಕರ ಗದ್ದಲದಲ್ಲಿ ಸರಿಯಾಗಿ ಕೇಳದೆ, ಮಾಟ್ ಎಂಬ ಪಿಚರ್ ಬದಲು ಲಿನ್ ಎಂಬ ಪಿಚರ್ ಮೈದಾನಕ್ಕೆ ಬಂದುಬಿಟ್ಟರು. ಬೋಸ್ಟನ್‌ನಲ್ಲಿ 2013ರ ಸಮಸ್ಯೆ ಬೇರೆ: ಕೊನೆಯ ಇನ್ನಿಂಗ್ಸ್‌ಗೆಂದು ನೆಚ್ಚಿಕೊಂಡಿದ್ದ ಇಬ್ಬರು ಪಿಚರ್‌ಗಳೂ ಗಾಯಗೊಂಡರು. ಆ ಜಾಗಕ್ಕೆ ಬಂದ ಜಪಾನಿನ ಕೋಜಿ ಉಎಹಾರಾ ಆ ವರ್ಷ ವಿಶ್ವ ಸರಣಿಯ ಕೊನೆಯ ಚೆಂಡನ್ನು ಎಸೆದರು. ಅದೇ ಅಕ್ಟೋಬರ್ 13ರ ರಾತ್ರಿ ಡೆಟ್ರಾಯಿಟ್ ವಿರುದ್ಧ 5–1ರಿಂದ ಹಿಂದಿದ್ದಾಗ ಬೋಸ್ಟನ್‌ನ ಡೇವಿಡ್ ಒರ್ಟೀಸ್ ಬಾರಿಸಿದ ಗ್ರ್ಯಾಂಡ್ ಸ್ಲ್ಯಾಮ್ (ನಾಲ್ಕು ರನ್ ತರುವ ಹೋಮ್ ರನ್) ಹೋಗಿ ಬಿದ್ದದ್ದು ಬೋಸ್ಟನ್ ಬುಲ್‌ಪೆನ್ ಒಳಗೆ. ಅದನ್ನು ಹಿಡಿಯಲು ಹಾರಿದ ಡೆಟ್ರಾಯಿಟ್ ಫೀಲ್ಡರ್ ಟೋರಿ ಹಂಟರ್ ಗೋಡೆಯ ಮೇಲಿಂದ ತಲೆಕೆಳಗಾಗಿ ಒಳಕ್ಕೆ ಬಿದ್ದರು; ಮೇಲೆ ಅವರ ಎರಡು ಕಾಲು, ಪಕ್ಕದಲ್ಲಿ ಸಂಭ್ರಮದಿಂದ ಎರಡು ಕೈ ಎತ್ತಿದ ಕರ್ತವ್ಯನಿರತ ಪೊಲೀಸ್. ಆ ಚಿತ್ರ ಜಗತ್ತೆಲ್ಲ ಸುತ್ತಿತು, ಪೊಲೀಸಿನವರಿಗೂ ಹೆಸರು ಬಂತು. ಬುಲ್‌ಪೆನ್‌ನಲ್ಲಿ ಇಡೀ ವರ್ಷ ಕೆಲಸ ಮಾಡಿದವರಿಗೆ ಬರಲಿಲ್ಲ. ಇದನ್ನು ಬರೆಯುವಾಗ ನನಗೆ ನಗು ಬರುತ್ತದೆ, ಸಿಟ್ಟಲ್ಲ.

2018ಕ್ಕೆ ಅವರನ್ನು ಮುಖ್ಯ ಪಿಚಿಂಗ್ ಕೋಚ್ ಮಾಡಲಾಯಿತು. ಆ ವರ್ಷ ತಂಡ 108 ಪಂದ್ಯ ಗೆದ್ದಿತು. ಅದರ ಚರಿತ್ರೆಯಲ್ಲೇ ಅದು ಅತಿ ಹೆಚ್ಚು. ಲಾಸ್ ಏಂಜಲೀಸ್ ವಿರುದ್ಧದ ವಿಶ್ವ ಸರಣಿಯ ಮೂರನೆಯ ಪಂದ್ಯ 18 ಇನ್ನಿಂಗ್ಸ್, 7 ಗಂಟೆ 20 ನಿಮಿಷ ನಡೆಯಿತು. ಮರುದಿನದ ಪಂದ್ಯ ಆರಂಭಿಸಬೇಕಿದ್ದ ನೇಥನ್ ಇಯೋವಾಲ್ಡಿ ಬುಲ್‌ಪೆನ್‌ನಿಂದ ಬಂದು 97 ಚೆಂಡು ಎಸೆದು, ಕೊನೆಗೆ ಒಂದು ಹೋಮ್ ರನ್‌ನಿಂದ ಸೋತರು. ಪಿಚರ್‌ಗಳೆಲ್ಲ ಬಳಲಿದ್ದ ಆ ತಂಡ ಮುಂದಿನ ಎರಡು ರಾತ್ರಿಗಳಲ್ಲಿ ಎರಡನ್ನೂ ಗೆದ್ದು ಸರಣಿಯನ್ನು 4–1ರಿಂದ ಮುಗಿಸಿತು. ಯಾರ ತೋಳಿನಲ್ಲಿ ಇನ್ನೆಷ್ಟು ಎಸೆತ ಉಳಿದಿದೆ ಎಂಬ ಲೆಕ್ಕ ಇಡಬೇಕಾದವನು ಪಿಚಿಂಗ್ ಕೋಚ್. ಆ ಲೆಕ್ಕವನ್ನು ಇವರು ಕಲಿತದ್ದು ಗ್ಲೌಸ್ ತೊಟ್ಟು. ಆದರೂ 2019ರಲ್ಲಿ ತಂಡ 84 ಪಂದ್ಯಗಳನ್ನಷ್ಟೇ ಗೆದ್ದಾಗ ಅವರ ಹುದ್ದೆಯೂ ಹೋಯಿತು. ಮರಳಿ ಸ್ಕೌಟ್ ಕೆಲಸಕ್ಕೆ. ಒಂದೇ ತಂಡದಲ್ಲಿ ಆಟಗಾರ, ಬುಲ್‌ಪೆನ್ ಕ್ಯಾಚರ್, ಸ್ಕೌಟ್, ಎರಡು ಬಗೆಯ ಕೋಚ್, ಮತ್ತೆ ಸ್ಕೌಟ್. 2004, 2007, 2013, 2018 ಈ ನಾಲ್ಕು ಗೆಲುವುಗಳಲ್ಲೂ ಒಂದಿಲ್ಲೊಂದು ಕೆಲಸದಲ್ಲಿದ್ದವರು.

ಅವರೊಬ್ಬರೇ ಅಪವಾದವೆಂದು ಯಾರೂ ತಿಳಿಯಬಾರದು. ನ್ಯೂಯಾರ್ಕ್ ಯಾಂಕೀಸ್ ತಂಡದ ಪಿಚರ್ ಮರಿಯಾನೋ ರಿವೆರಾ 1997ರಲ್ಲಿ ಸಹ ಆಟಗಾರನೊಂದಿಗೆ ಚೆಂಡು ಎಸೆದಾಡುತ್ತಿದ್ದಾಗ ಅದು ತಾನಾಗಿ ಪಕ್ಕಕ್ಕೆ ಸರಿಯತೊಡಗಿತು. ಅದನ್ನು ಸರಿಪಡಿಸಲು ಬುಲ್‌ಪೆನ್‌ನಲ್ಲಿ ಮಾಡಿದ ಪ್ರಯತ್ನಗಳು ಫಲಿಸದೆ ಹೋದದ್ದೇ ಅದೃಷ್ಟವಾಗಿ, ಆ ಎಸೆತವೇ ಅವರ ಬ್ರಹ್ಮಾಸ್ತ್ರವಾಯಿತು. ಆ ವರ್ಷಗಳಲ್ಲಿ ಅಲ್ಲಿನ ಬುಲ್‌ಪೆನ್ ಕ್ಯಾಚರ್ ಆಗಿದ್ದ ಮೈಕ್ ಬೋರ್ಜೆಲೋ ಮುಂದೆ ಶಿಕಾಗೋ ಕಬ್ಸ್ ತಂಡದ ಕೋಚ್ ಆದರು.

ಈಗ ನಮ್ಮ ಕಡೆಗೆ ಬರುತ್ತೇನೆ. ಥ್ರೋಡೌನ್ ಪರಿಣತನ ಕೆಲಸ ಇದರ ತಿರುವುಮುರುವು: ಅಲ್ಲಿ ಬೌಲರ್‌ನಂಥವನಿಗಾಗಿ ಹಿಡಿಯುವುದು, ಇಲ್ಲಿ ಬ್ಯಾಟ್ಸ್‌ಮನ್‌ಗಾಗಿ ಎಸೆಯುವುದು. ಸೈಡ್‌ಆರ್ಮ್ ಎಂಬ ಉದ್ದ ಹಿಡಿಯ ಸೌಟಿನಂಥ ಸಾಧನದಿಂದ ಗಂಟೆಗೆ 140–150 ಕಿಲೋಮೀಟರ್ ವೇಗವನ್ನು ದಿನದ ನಂತರ ದಿನ ಹುಟ್ಟಿಸಬೇಕು. ಬೌಲಿಂಗ್ ಯಂತ್ರವೂ ಆ ವೇಗ ಕೊಡುತ್ತದೆ, ಆದರೆ ಯಂತ್ರಕ್ಕೆ ತೋಳಿಲ್ಲ. ಬ್ಯಾಟ್ಸ್‌ಮನ್ ಚೆಂಡು ಓದುವುದು ತೋಳು ಬರುವ ರೀತಿಯಿಂದ. ಆದ್ದರಿಂದಲೇ ಮನುಷ್ಯ ಬೇಕು, ಎಡಗೈ ವೇಗಿಗಳನ್ನು ಎದುರಿಸಲು ಎಡಗೈಯಲ್ಲಿ ಎಸೆಯುವ ಶ್ರೀಲಂಕಾದ ನುವಾನ್ ಸೆನೆವಿರತ್ನೆಯವರೂ ಬೇಕು. 2013ರಿಂದೀಚೆಗೆ ವೇಗದ ಬೌಲಿಂಗ್ ಎದುರು ತಂಡ ಸುಧಾರಿಸಿದ್ದಕ್ಕೆ ರಾಘು ಕಾರಣ ಎಂದು ವಿರಾಟ್ ಕೊಹ್ಲಿ ಹೇಳಿದ್ದನ್ನು ನೀವು ಹೊಗಳಿಕೆಯಾಗಿ ಅಚ್ಚು ಹಾಕಿದಿರಿ. ಅದು ತಾಂತ್ರಿಕ ಹೇಳಿಕೆ; ಹೇಗೆ, ಯಾಕೆ ಎಂದು ಕೇಳಬೇಕಿತ್ತು. 2022ರ ನವೆಂಬರ್ 2ರಂದು ಅಡಿಲೇಡ್‌ನಲ್ಲಿ ಮಳೆ ನಿಂತ ಮೇಲೆ ಬಾಂಗ್ಲಾದೇಶದ ವಿರುದ್ಧ ಪಂದ್ಯ ಮುಂದುವರಿದಾಗ, ಒದ್ದೆ ಹುಲ್ಲಿನಲ್ಲಿ ಜಾರದಿರಲೆಂದು ರಾಘವೇಂದ್ರ ಬ್ರಶ್ ಹಿಡಿದು ಬೌಂಡರಿಯ ಸುತ್ತ ಓಡಾಡುತ್ತಾ ಆಟಗಾರರ ಬೂಟಿನ ಕೆಸರು ತೆಗೆದರು. ಅದನ್ನು ವಿನಯದ ಕಥೆಯಾಗಿ ಬರೆದವರೇ ಹೆಚ್ಚು. ಮುಳ್ಳಿನ ಬೂಟಿಗೆ ಕೆಸರು ಅಂಟಿದರೆ ಫೀಲ್ಡರ್ ತಿರುಗುವಾಗ ಏನಾಗುತ್ತದೆ ಎಂಬ ತಿಳಿವಳಿಕೆ ಅದರ ಹಿಂದಿದೆ ಎಂದು ನನಗೆ ತೋರುತ್ತದೆ.

ಈ ಮಾತಿನಲ್ಲಿ ನಾನೂ ತಪ್ಪಿತಸ್ಥ. ನಮ್ಮ ಶಾಲೆಯ ತಂಡದಲ್ಲಿ ಎರಡು ವರ್ಷ ನೆಟ್ಸ್‌ನಲ್ಲಷ್ಟೇ ಕೀಪಿಂಗ್ ಮಾಡಿದ ಹುಡುಗನೊಬ್ಬನಿದ್ದ. ಬ್ಯಾಟಿಂಗ್ ಬರುವುದಿಲ್ಲವೆಂದು ಅವನನ್ನು ಹನ್ನೊಂದರಲ್ಲಿ ಸೇರಿಸಲಿಲ್ಲ. ಒಂದು ಸಂಜೆ ಅವನು ಬಂದು, 'ಸಾರ್, ನಮ್ಮ ಆಫ್ ಸ್ಪಿನ್ನರ್ ಚೆಂಡು ಮೊದಲಿನ ಹಾಗೆ ಗ್ಲೌಸಿಗೆ ಮೇಲೆದ್ದು ಬರುತ್ತಿಲ್ಲ, ಭುಜ ನೋಯುತ್ತಿರಬೇಕು' ಎಂದ. ಕೇಳಿಸಿಕೊಂಡೆ, ಕಿವಿಗೆ ಹಾಕಿಕೊಳ್ಳಲಿಲ್ಲ. ವಲಯ ಮಟ್ಟದ ಪಂದ್ಯದ ಮೂರನೆಯ ಓವರ್‌ನಲ್ಲಿ ಆ ಸ್ಪಿನ್ನರ್ ತೋಳು ಹಿಡಿದು ಕೂತುಬಿಟ್ಟ. ಶಾಲೆಯ ಸ್ಕೋರ್ ಪುಸ್ತಕದಲ್ಲಿ ಸ್ಪಿನ್ನರ್ ಹೆಸರು ನನ್ನ ಕೈಬರಹದಲ್ಲೇ ಇದೆ. ಕೀಪರ್ ಹುಡುಗನ ಹೆಸರನ್ನು ಅದರ ಯಾವ ಪುಟದಲ್ಲೂ ನಾನು ಬರೆದಿಲ್ಲ.

ಆದ್ದರಿಂದ ತಮ್ಮಲ್ಲಿ ನನ್ನದು ಎರಡು ಕೋರಿಕೆ. ಸರಣಿಯೊಂದಕ್ಕೆ ತಂಡದ ಪಟ್ಟಿ ಪ್ರಕಟಿಸುವಾಗ ನೆರವು ಸಿಬ್ಬಂದಿಯ ಹೆಸರುಗಳನ್ನೂ ಅವರವರ ಕೆಲಸದೊಂದಿಗೆ ಒಂದು ಸಾಲಿನಲ್ಲಿ ಕೊಡಿ. ಅಭ್ಯಾಸದ ಚಿತ್ರಗಳ ಕೆಳಗೆ 'ಸಿಬ್ಬಂದಿಯೊಂದಿಗೆ' ಎಂದಷ್ಟೇ ಬರೆದು ಬಿಡಬೇಡಿ. ಮತ್ತು ತಮ್ಮ ವರದಿಗಾರರು ಮುಂದಿನ ಸಲ ರಾಘವೇಂದ್ರ ಅವರನ್ನು ಭೇಟಿಯಾದಾಗ, ಕಷ್ಟದ ದಿನಗಳ ಪ್ರಶ್ನೆಗಳನ್ನು ಬದಿಗಿಟ್ಟು, ಹೊಸ ಚೆಂಡಿಗೂ ನಲವತ್ತು ಓವರ್ ಹಳೆಯ ಚೆಂಡಿಗೂ ಸೈಡ್‌ಆರ್ಮ್ ಹಿಡಿತ ಹೇಗೆ ಬದಲಾಗುತ್ತದೆ, ಎಷ್ಟು ಎಸೆತಗಳಾದ ಮೇಲೆ ಭುಜ ಮೊದಲು ಎಲ್ಲಿ ನೋಯತೊಡಗುತ್ತದೆ ಎಂದು ಕೇಳಿ ಬರೆಯಲಿ.

ಇಂತಿ ತಮ್ಮ ವಿಶ್ವಾಸಿ,
ನಿವೃತ್ತ ದೈಹಿಕ ಶಿಕ್ಷಣ ಶಿಕ್ಷಕ, ಮೈಸೂರು